ನಾಲ್ಕು ಕೆಲಸ ಮಾಡಿದರೂ ಬಡತನ ಯಾಕೆ ಹೋಗುವುದಿಲ್ಲ?

ರೈತರಿಗೆ ಬುದ್ಧಿ ಹೇಳುವ ಯಾವ ಭಾಷಣವನ್ನಾದರೂ ಕೇಳಿ, ಸುತ್ತಿ ಬಳಸಿ ಒಂದೇ ಮಾತಿಗೆ ಬಂದು ನಿಲ್ಲುತ್ತದೆ. ಒಂದೇ ಬೆಳೆ ನೆಚ್ಚಿಕೊಂಡು ಕೂರಬೇಡಿ, ಕುರಿ ಸಾಕಿ, ಕೋಳಿ ಸಾಕಿ, ಜೇನು ಸಾಕಿ, ಉಪಕಸುಬು ಮಾಡಿ. ಮಾತು ತಪ್ಪಲ್ಲ. ಆದರೂ ಕೇಳಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಬಡ ರೈತ ಬಿತ್ತಿ ಬಂದು ಫಸಲಿಗಾಗಿ ಸುಮ್ನೆ ಕಾಯುತ್ತಾ ಕೂತಿರುತ್ತಾನೆ ಅಂತ ಹೇಳುವವರು ಅಂದುಕೊಂಡ ಹಾಗಿದೆ. ಹಾಗೆ ಕೂರುವಷ್ಟು ಪುರುಸೊತ್ತು ಯಾವ ಬಡವನಿಗಿದೆ?

ಭಾರತದ ಲೆಕ್ಕವನ್ನೇ ತೆಗೆದುಕೊಳ್ಳಿ. 2018-19ರ ಸರ್ಕಾರಿ ಸಮೀಕ್ಷೆಯ ಪ್ರಕಾರ ಒಂದು ಕೃಷಿ ಕುಟುಂಬದ ಸರಾಸರಿ ತಿಂಗಳ ಆದಾಯ 10,218 ರೂಪಾಯಿ. ಅದರಲ್ಲಿ ಬೆಳೆಯಿಂದ ಬಂದದ್ದು 3,798. ಕೂಲಿ, ಸಂಬಳದಿಂದ ಬಂದದ್ದು 4,063. ದನ, ಕುರಿ, ಕೋಳಿ ಇತ್ಯಾದಿಗಳಿಂದ 1,582. ಇದಕ್ಕೆ ಹಿಂದಿನ 2012-13ರ ಸಮೀಕ್ಷೆಯಲ್ಲಿ ಬೆಳೆಯೇ ಮುಂದಿತ್ತು: ಬೆಳೆಯಿಂದ 3,081, ಕೂಲಿಯಿಂದ 2,071. ಆರು ವರ್ಷದಲ್ಲಿ ಲೆಕ್ಕ ತಿರುಗಿಬಿದ್ದಿದೆ. ಹೊಲ ಇರುವ ಮನೆಗೂ ಈಗ ಹೊಲಕ್ಕಿಂತ ಕೂಲಿಯ ದುಡ್ಡೇ ಜಾಸ್ತಿ. ಅಂದರೆ ಆದಾಯಕ್ಕೆ ಬೇರೆ ದಾರಿ ಹುಡುಕಿ ಅಂತ ಯಾರೂ ಹೇಳಿಕೊಡಬೇಕಾಗಿಲ್ಲ, ಜನ ಹುಡುಕಿಕೊಂಡು ಆಗಿದೆ. ಬಡತನ ಮಾತ್ರ ಅದಕ್ಕೆ ತಕ್ಕ ಹಾಗೆ ಕರಗಿಲ್ಲ.

ಯಾಕೆ? ಮನೆಯಲ್ಲಿ ಎಷ್ಟು ಕೆಲಸ ನಡೆಯುತ್ತದೆ ಅನ್ನುವುದನ್ನು ನಾವು ಎಣಿಸುತ್ತೇವೆ. ಮಳೆ ಕೈಕೊಟ್ಟ ವರ್ಷ ಅದರಲ್ಲಿ ಎಷ್ಟು ಉಳಿಯುತ್ತವೆ ಅಂತ ಕೇಳುವುದೇ ಇಲ್ಲ.

ಮಳೆ ಬರಲಿಲ್ಲ ಅಂದುಕೊಳ್ಳಿ. ಬೆಳೆ ಹೋಯಿತು. ಪಕ್ಕದವನ ಹೊಲದಲ್ಲೂ ಬೆಳೆ ಇಲ್ಲ, ಹಾಗಾಗಿ ಕಳೆ ಕೀಳುವ, ಕೊಯ್ಯುವ ಕೂಲಿಯೂ ಇಲ್ಲ. ಮೇವಿಲ್ಲ ಅಂತ ಕುರಿ ಮಾರಲು ಹೋದರೆ ಸಂತೆಗೆ ಎಲ್ಲರೂ ಕುರಿ ಹೊಡೆದುಕೊಂಡು ಬಂದಿರುತ್ತಾರೆ, ಬೆಲೆ ಬಿದ್ದಿರುತ್ತದೆ. ಸಣ್ಣ ಅಂಗಡಿ ಇಟ್ಟುಕೊಂಡಿದ್ದರೆ ಅಲ್ಲಿಗೆ ಬರುವವರೂ ಅದೇ ರೈತರು, ಸಾಲ ಬರೆಸಿ ಹೋಗುತ್ತಾರೆ. ಹೆಸರಿಗೆ ನಾಲ್ಕು ಆದಾಯ, ನಾಲ್ಕೂ ಒಂದೇ ಗೂಟಕ್ಕೆ ಕಟ್ಟಿದ ದನಗಳು. ಗೂಟ ಕಿತ್ತರೆ ಎಲ್ಲವೂ ಒಟ್ಟಿಗೆ ಹೋಗುತ್ತವೆ.

ಆಫ್ರಿಕಾದ ಹಳ್ಳಿಗಳ ಬಗ್ಗೆ ಫ್ರಾಂಕ್ ಎಲ್ಲಿಸ್, ಕ್ರಿಸ್ಟೋಫರ್ ಬ್ಯಾರೆಟ್, ಥಾಮಸ್ ರಿಯರ್ಡನ್ ಮುಂತಾದ ಅರ್ಥಶಾಸ್ತ್ರಜ್ಞರು ಇದನ್ನು ವಿವರವಾಗಿ ಬರೆದಿದ್ದಾರೆ. ಇನ್ನೊಂದು ಕೆಲಸಕ್ಕೆ ಕೈ ಹಾಕುವವರಲ್ಲಿ ಎರಡು ಬಗೆ. ಬೇರೆ ಗತಿ ಇಲ್ಲದೆ ಹೋಗುವವರು ಒಂದು ಕಡೆ, ಲಾಭ ಕಂಡು ಹೋಗುವವರು ಇನ್ನೊಂದು ಕಡೆ. ಕೈಯಲ್ಲಿ ಸ್ವಲ್ಪ ದುಡ್ಡು, ಒಂದಿಷ್ಟು ಓದು ಇದ್ದವರು ವಾಹನ ಬಾಡಿಗೆಗೆ ಬಿಡುತ್ತಾರೆ, ವ್ಯಾಪಾರ ಮಾಡುತ್ತಾರೆ, ತಿಂಗಳ ಸಂಬಳದ ಕೆಲಸ ಹಿಡಿಯುತ್ತಾರೆ. ಏನೂ ಇಲ್ಲದವರಿಗೆ ಸಿಗುವುದು ಸೌದೆ ಮಾರುವುದು, ಇನ್ನೊಬ್ಬರ ಹೊಲದ ಕೂಲಿ. ಒಳ್ಳೆಯ ದುಡ್ಡಿರುವ ಕೆಲಸಕ್ಕೆ ಒಳಗೆ ಹೋಗಲೇ ಬಂಡವಾಳ ಬೇಕು. ಬಡವನ ಹತ್ತಿರ ಇಲ್ಲದ್ದು ಅದೊಂದೇ, ಅಲ್ವಾ?

ಇನ್ನೂ ಒಂದು ಸಂಗತಿ ಇದೆ, ಇದನ್ನು ಯಾರೂ ಅಷ್ಟಾಗಿ ಹೇಳುವುದಿಲ್ಲ. ಎಲ್ಲದರಲ್ಲೂ ಸ್ವಲ್ಪ ಸ್ವಲ್ಪ ಕೈ ಹಾಕುವುದಕ್ಕೂ ಒಂದು ಬೆಲೆ ಇದೆ. ಭಾರತದ ಒಣಭೂಮಿ ಹಳ್ಳಿಗಳಲ್ಲಿ ಇಕ್ರಿಸ್ಯಾಟ್ ಎಂಬ ಕೃಷಿ ಸಂಶೋಧನಾ ಸಂಸ್ಥೆ 1975ರಿಂದ ಸಂಗ್ರಹಿಸಿದ ಮಾಹಿತಿ ಇಟ್ಟುಕೊಂಡು ಅರ್ಥಶಾಸ್ತ್ರಜ್ಞರಾದ ರೋಸೆನ್‌ಝ್ವೈಗ್ ಮತ್ತು ಬಿನ್ಸ್‌ವಾಂಗರ್ 1993ರಲ್ಲಿ ಒಂದು ಲೇಖನ ಪ್ರಕಟಿಸಿದರು. ಮಳೆಯ ಭರವಸೆ ಕಡಿಮೆ ಆದ ಹಾಗೆ ಬಡ ರೈತರು ಲಾಭ ಕಡಿಮೆಯಾದರೂ ಪರವಾಗಿಲ್ಲ, ಪೂರ್ತಿ ಮುಳುಗಬಾರದು ಎನ್ನುವ ದಾರಿ ಹಿಡಿಯುತ್ತಾರೆ. ದೊಡ್ಡ ರೈತರಿಗೆ ಆ ಹೆದರಿಕೆ ಇಲ್ಲ. ಹಾಗಾಗಿ ಬಡವನು ದಡ್ಡತನದಿಂದ ಕಡಿಮೆ ಗಳಿಸುತ್ತಿಲ್ಲ, ಲೆಕ್ಕ ಹಾಕಿಯೇ ಕಡಿಮೆ ಗಳಿಸುತ್ತಿದ್ದಾನೆ. ಅವನಿಗೆ ಹೋಗಿ "ಧೈರ್ಯ ಮಾಡು, ಉದ್ಯಮಿಯಾಗು" ಅನ್ನುವುದು ನನಗಂತೂ ನಾಚಿಕೆಗೇಡಿನ ಮಾತು ಅನಿಸುತ್ತದೆ. ಬಿದ್ದರೆ ಹಿಡಿಯುವವರು ಯಾರು ಅಂತ ಮೊದಲು ಹೇಳಿ.

ಹಾಗಾದರೆ ಏನು ಕೆಲಸ ಮಾಡಿದೆ? ಬಾಂಗ್ಲಾದೇಶದ ಬ್ರ್ಯಾಕ್ ಸಂಸ್ಥೆ 2002ರಲ್ಲಿ ಕಡುಬಡವರಿಗಾಗಿ ಒಂದು ಕಾರ್ಯಕ್ರಮ ಶುರು ಮಾಡಿತು. ಹಸುವನ್ನೋ ಮೇಕೆಯನ್ನೋ ಕೊಟ್ಟು ಕೈ ತೊಳೆದುಕೊಳ್ಳಲಿಲ್ಲ. ಪ್ರಾಣಿ ಆದಾಯ ಕೊಡುವ ತನಕ ಮನೆ ಖರ್ಚಿಗೆ ಸ್ವಲ್ಪ ಹಣ, ಸಾಕುವ ತರಬೇತಿ, ಮನೆಗೇ ಬಂದು ವಿಚಾರಿಸುವ ಕಾರ್ಯಕರ್ತೆ, ಆರೋಗ್ಯದ ನೆರವು, ಉಳಿತಾಯ, ಎಲ್ಲವನ್ನೂ ಸುಮಾರು ಎರಡು ವರ್ಷ ಒಟ್ಟಿಗೆ ಕೊಟ್ಟಿತು. ಇದೇ ಮಾದರಿಯನ್ನು ಇಥಿಯೋಪಿಯಾ, ಘಾನಾ, ಹೊಂಡುರಾಸ್, ಭಾರತ, ಪಾಕಿಸ್ತಾನ, ಪೆರುಗಳಲ್ಲಿ ಪರೀಕ್ಷಿಸಿದ ಅಧ್ಯಯನ 2015ರಲ್ಲಿ ಬಂತು. ನೆರವು ನಿಂತು ಒಂದು ವರ್ಷವಾದ ಮೇಲೂ ಒಟ್ಟಾರೆ ಆ ಮನೆಗಳ ಖರ್ಚು, ಆಸ್ತಿ ಮೇಲೇ ಇತ್ತು. ಹೊಂಡುರಾಸ್‌ನಲ್ಲಿ ಮಾತ್ರ ಎಡವಿತು, ಅಲ್ಲಿ ಕೊಟ್ಟ ಕೋಳಿಗಳು ರೋಗ ಬಂದು ಸತ್ತವು. ಕೋಳಿ ಸಾಕಿ ಅಂತ ಸಲಹೆ ಕೊಡುವವರು ಇದನ್ನು ಒಮ್ಮೆ ಓದಬೇಕು.

ಬಾಂಗ್ಲಾದೇಶದ ಅಂಕಿಅಂಶಗಳನ್ನು ಆಮೇಲೆ ಇನ್ನಷ್ಟು ಕೆದಕಿ ನೋಡಿದಾಗ ಕಂಡದ್ದು ಇನ್ನೂ ಮುಖ್ಯ. ಆಸ್ತಿ ಒಂದು ಮಟ್ಟ ದಾಟಿದ ಮನೆಗಳು ತಾವಾಗಿಯೇ ಮೇಲೆ ಹೋದವು. ದಾಟದವು ಮತ್ತೆ ಕೆಳಗೆ ಜಾರಿದವು. ಸಣ್ಣ ಸಣ್ಣ ಸಹಾಯವನ್ನು ಸಾವಿರ ಜನಕ್ಕೆ ಹಂಚಿ ಫೋಟೋ ತೆಗೆಸಿಕೊಳ್ಳುವ ಯೋಜನೆಗಳು ಯಾಕೆ ಸೋಲುತ್ತವೆ ಅನ್ನುವುದಕ್ಕೆ ಇದಕ್ಕಿಂತ ಬೇರೆ ಉತ್ತರ ಬೇಕಿಲ್ಲ.

ಗುಳೆ ಹೋಗುವುದನ್ನು ನಾವು ಯಾವಾಗಲೂ ದುರಂತದ ಹಾಗೆ ಮಾತಾಡುತ್ತೇವೆ. ನನಗೆ ಅಷ್ಟು ಖಾತ್ರಿ ಇಲ್ಲ. ಎಲ್ಲೋ ದೂರದಲ್ಲಿ ಸಿಗುವ ಕೂಲಿ ಊರಿನ ಮಳೆಯನ್ನು ನಂಬಿಕೊಂಡಿರುವುದಿಲ್ಲ, ಅದೇ ಅದರ ಬಲ. ಬಾಂಗ್ಲಾದೇಶದ ರಂಗಪುರದಲ್ಲಿ ಕೊಯ್ಲಿಗೆ ಮುಂಚಿನ ಹಸಿವಿನ ದಿನಗಳಲ್ಲಿ, 2008ರಲ್ಲಿ, ಬಡ ಮನೆಗಳಿಗೆ ಬಸ್ ಖರ್ಚಿಗೆ ಸಂಶೋಧಕರು ಸುಮಾರು ಎಂಟೂವರೆ ಡಾಲರ್ ಕೊಟ್ಟು ನೋಡಿದರು. ಹೋಗದಿದ್ದವರಲ್ಲಿ ಅನೇಕರು ಪಟ್ಟಣಕ್ಕೆ ಹೋದರು, ಮನೆಯವರ ಊಟ ಸುಧಾರಿಸಿತು. ಆಮೇಲೆ ಅದನ್ನೇ ದೊಡ್ಡದಾಗಿ ಮಾಡಲು ಹೋದಾಗ ಆ ಫಲ ಸಿಗಲಿಲ್ಲ, 2019ರಲ್ಲಿ ಕಾರ್ಯಕ್ರಮವನ್ನೇ ನಿಲ್ಲಿಸಿದರು. ಕೆಲಸ ಮಾಡುತ್ತಿಲ್ಲ ಅಂತ ಒಪ್ಪಿ ನಿಲ್ಲಿಸುವವರು ಎಷ್ಟು ಅಪರೂಪ!

ರಸ್ತೆ ಬಂದರೆ ಎಲ್ಲ ಸರಿಹೋಗುತ್ತದೆ ಅನ್ನುವವರಿಗೂ ಒಂದು ಮಾತು. ಪ್ರಧಾನಮಂತ್ರಿ ಗ್ರಾಮ ಸಡಕ್ ಯೋಜನೆಯ ರಸ್ತೆಗಳನ್ನು ಅರ್ಥಶಾಸ್ತ್ರಜ್ಞರಾದ ಆಶರ್ ಮತ್ತು ನೊವೊಸಾದ್ ಅಧ್ಯಯನ ಮಾಡಿದರು. ರಸ್ತೆ ಬಂದು ನಾಲ್ಕು ವರ್ಷದ ನಂತರ ಜನ ಹೊಲ ಬಿಟ್ಟು ಹೊರಗಿನ ಕೆಲಸಕ್ಕೆ ಹೋದದ್ದು ಕಂಡಿತು. ಆದಾಯ, ಆಸ್ತಿಯಲ್ಲಿ ಮಾತ್ರ ದೊಡ್ಡ ಬದಲಾವಣೆ ಇಲ್ಲ. ರಸ್ತೆ ಬೇಕೇ ಬೇಕು. ಆದರೆ ರಸ್ತೆಯ ಆ ತುದಿಯಲ್ಲಿ ಎಂಥ ಕೆಲಸ ಇದೆ ಅನ್ನುವುದೂ ಬೇಕು.

ಇನ್ನು ಹೆಂಗಸರ ವಿಷಯ. ಹೈನುಗಾರಿಕೆ, ಕೋಳಿ, ಮೇಕೆ ಅಂತ ನಾವು ಉಪಕಸುಬಿನ ಪಟ್ಟಿ ಓದುತ್ತೇವಲ್ಲ, ಅದರಲ್ಲಿ ಹೆಚ್ಚಿನದನ್ನು ಮಾಡುವವರು ಅವರೇ. ಸಗಣಿ ಬಾಚುವುದು, ಮೇವು ತರುವುದು, ಹಾಲು ಕರೆಯುವುದು, ಅದರ ಮೇಲೆ ಮನೆಗೆಲಸ, ಹೊಲದ ಕೆಲಸ. ಯೋಜನೆಯ ಲೆಕ್ಕದಲ್ಲಿ ಆ ದುಡಿಮೆಗೆ ಬೆಲೆ ಸೊನ್ನೆ, ಆದ್ದರಿಂದಲೇ ಕಾಗದದ ಮೇಲೆ ಅಷ್ಟು ಲಾಭ ಕಾಣುತ್ತದೆ. ಹೆಂಗಸರಿಗೆ ಬೇರೆ ದಾರಿ ತೆರೆದ ಉದಾಹರಣೆಯೂ ಒಂದಿದೆ. ಕೀನ್ಯಾದಲ್ಲಿ 2007ರಲ್ಲಿ ಮೊಬೈಲ್‌ನಲ್ಲಿ ಹಣ ಕಳಿಸುವ ಎಂ-ಪೆಸಾ ಬಂತು. ಅದರಿಂದ ಸುಮಾರು 1,94,000 ಕುಟುಂಬಗಳು ಬಡತನದಿಂದ ಮೇಲೆ ಬಂದವು ಅಂತ ಅರ್ಥಶಾಸ್ತ್ರಜ್ಞರಾದ ಸೂರಿ ಮತ್ತು ಜ್ಯಾಕ್ 2016ರಲ್ಲಿ ಅಂದಾಜು ಮಾಡಿದರು. ಸುಮಾರು 1,85,000 ಹೆಂಗಸರು ಹೊಲದ ಕೆಲಸ ಬಿಟ್ಟು ವ್ಯಾಪಾರವನ್ನೇ ಮುಖ್ಯ ಕಸುಬು ಮಾಡಿಕೊಂಡರು. ಯಾರೂ ಅವರಿಗೆ ಹಸು ಕೊಟ್ಟಿರಲಿಲ್ಲ. ಹಣ ಇಡಲು, ಕಷ್ಟಕ್ಕೆ ನೆಂಟರಿಂದ ತಕ್ಷಣ ತರಿಸಿಕೊಳ್ಳಲು ಒಂದು ದಾರಿ ಸಿಕ್ಕಿತ್ತು. ಮುಂದೆ ಏನು ಮಾಡಬೇಕು ಅನ್ನುವುದನ್ನು ಅವರೇ ನೋಡಿಕೊಂಡರು.