ಶ್ರೀರಂಗಪಟ್ಟಣದ ಕೋಟೆ ದಾಳಿಯ ಕುರಿತು ಸ್ಪಷ್ಟನೆ

1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆಗೆ ನುಗ್ಗಿದ ಬ್ರಿಟಿಷ್ ಸೇನೆಯನ್ನು ಮುನ್ನಡೆಸಿದವನು ಆರ್ಥರ್ ವೆಲ್ಲೆಸ್ಲಿ ಎಂದು ನಾನು ಬರೆದಿದ್ದ ಸಂದೇಶವೊಂದು ವಾಟ್ಸಾಪ್ ಗುಂಪುಗಳಲ್ಲಿ ಹರಿದಾಡುತ್ತಿದೆ, ಅದು ತಪ್ಪು. ಆ ದಾಳಿಯ ನೇತೃತ್ವ ವಹಿಸಿದವನು ಸ್ಕಾಟ್ಲೆಂಡಿನ ಮೇಜರ್ ಜನರಲ್ ಡೇವಿಡ್ ಬೇರ್ಡ್. ಪ್ರಧಾನ ಸೇನಾಪತಿ ಹ್ಯಾರಿಸ್ ಗವರ್ನರ್ ಜನರಲ್‌ಗೆ ಕಳುಹಿಸಿದ ವರದಿಯೇ ಇದಕ್ಕೆ ಆಧಾರ. ವೆಲ್ಲೆಸ್ಲಿ ಅಂದು ಕೋಟೆಯ ಹೊರಗೆ ಬ್ರಿಟಿಷರು ತೋಡಿದ್ದ ಕಂದಕಗಳಲ್ಲಿದ್ದ ಮೀಸಲು ಪಡೆಯ ಹೊಣೆ ಹೊತ್ತಿದ್ದನು. ಕೋಟೆ ಬಿದ್ದ ಬಳಿಕ ಪಟ್ಟಣದ ಆಡಳಿತ ಬೇರ್ಡ್‌ಗೆ ಬದಲು ಅವನಿಗೆ ದೊರೆತದ್ದರಿಂದಲೇ ಈ ಗೊಂದಲ ಹುಟ್ಟಿರಬೇಕು ಎಂದು ನನಗನಿಸುತ್ತದೆ.

ಬೇರ್ಡ್‌ಗೆ ಈ ಊರು ಹೊಸದಾಗಿರಲಿಲ್ಲ. 1780ರ ಸೆಪ್ಟೆಂಬರ್‌ನಲ್ಲಿ ಕಾಂಚೀಪುರದ ಬಳಿಯ ಪೊಳ್ಳಿಲೂರು ಕಾಳಗದಲ್ಲಿ ಗಾಯಗೊಂಡು ಹೈದರಾಲಿಯ ಸೇನೆಗೆ ಸೆರೆಸಿಕ್ಕಿದ ಅವನು, 1784ರಲ್ಲಿ ಬಿಡುಗಡೆಯಾಗುವವರೆಗೆ ಇದೇ ಶ್ರೀರಂಗಪಟ್ಟಣದಲ್ಲಿ ಬಂದಿಯಾಗಿದ್ದನು. ದಾಳಿಯ ಮುಂದಾಳತ್ವವನ್ನು ತಾನಾಗಿಯೇ ಕೇಳಿ ಪಡೆದನೆಂಬುದನ್ನು ಈ ಹಿನ್ನೆಲೆಯಲ್ಲಿ ನೋಡಬೇಕು. ಮುಂದೆ 1801ರಲ್ಲಿ ಈಜಿಪ್ಟ್‌ಗೆ ಸೇನೆ ಒಯ್ದು, 1806ರಲ್ಲಿ ದಕ್ಷಿಣ ಆಫ್ರಿಕಾದ ಕೇಪ್ ವಸಾಹತನ್ನು ಗೆದ್ದು, 1809ರಲ್ಲಿ ಸ್ಪೇನಿನ ಕೊರುನ್ನಾ ಯುದ್ಧದಲ್ಲಿ ಎಡಗೈ ಕಳೆದುಕೊಂಡ ಅವನು 1829ರಲ್ಲಿ ತೀರಿಕೊಂಡನು.

ದಯವಿಟ್ಟು ಹಳೆಯ ಸಂದೇಶವನ್ನು ಇನ್ನು ಮುಂದೆ ಯಾರಿಗೂ ಕಳುಹಿಸಬೇಡಿ. ಈಗಾಗಲೇ ಕಳುಹಿಸಿದ್ದರೆ ಅದೇ ಗುಂಪಿಗೆ ಈ ಸ್ಪಷ್ಟನೆಯನ್ನೂ ತಲುಪಿಸಿರೆಂದು ವಿನಂತಿಸುತ್ತೇನೆ.