ಲಾರಿ ಉಂಟು, ರೈಲು ಉಂಟು, ಹಡಗು ಉಂಟು. ನಡುವೆ ಯಾರು?

ಮಂಗಳೂರಿನಲ್ಲಿ ಬಂದರು ಎರಡು. ಪಣಂಬೂರಿನ ನವಮಂಗಳೂರು ಬಂದರು ಎಲ್ಲರಿಗೂ ಗೊತ್ತಿರುವಂಥದ್ದು, ಸಾವಿರದ ಒಂಬೈನೂರ ಎಪ್ಪತ್ತರ ದಶಕದ್ದು. ಇನ್ನೊಂದು ಊರೊಳಗಿನ ಹಳೆ ಬಂದರು, ನಾವು ಬರೀ 'ಬಂದರ್' ಅನ್ನುವುದು. ಲಕ್ಷದ್ವೀಪಕ್ಕೆ ಮಂಜಿಗಳು, ಅಂದರೆ ಸರಕು ಹೊರುವ ಮರದ ಹಡಗುಗಳು, ಹೊರಡುವುದು ಅಲ್ಲಿಂದಲೇ. ಮಳೆಗಾಲ ಕಳೆದ ಮೇಲೆ ಒಮ್ಮೆ ದಕ್ಕೆಯಲ್ಲಿ ನಿಂತು ನೋಡಿ. ಅಕ್ಕಿ ಮೂಟೆ ಲಾರಿಯಿಂದ ಹೆಗಲಿಗೆ, ಹೆಗಲಿನಿಂದ ಹಲಗೆ ದಾಟಿ ಮಂಜಿಯೊಳಕ್ಕೆ. ಆಮೇಲೆ ಈರುಳ್ಳಿ, ಆಮೇಲೆ ಸಿಮೆಂಟು. ದ್ವೀಪದಲ್ಲಿ ಇದೇ ಕೆಲಸ ತಿರುಗಾ ಮುರುಗಾ. ಪಣಂಬೂರು ಅಲ್ಲಿಂದ ಹತ್ತು ಕಿಲೋಮೀಟರ್ ಆಸುಪಾಸು. ಅಲ್ಲಿ ಕ್ರೇನು ಒಂದು ಪೆಟ್ಟಿಗೆಯನ್ನು ಟ್ರೈಲರಿನಿಂದ ಎತ್ತಿ ಹಡಗಿನ ಮೇಲೆ ಇಡುತ್ತದೆ. ಒಳಗೇನಿದೆ ಅಂತ ಕ್ರೇನಿನವನಿಗೆ ಗೊತ್ತೂ ಇಲ್ಲ, ಬೇಕಾಗಿಯೂ ಇಲ್ಲ.

ಈ ಎರಡನೆಯ ಬಗೆಗೆ ಇಂಟರ್‌ಮೋಡಲ್ ಎಂದು ಹೆಸರು. ಸರಕು ಒಂದೇ, ಅದನ್ನು ಹೊರುವವರು ಹಲವರು, ದಾರಿಯಲ್ಲಿ ಎಲ್ಲೂ ಅದನ್ನು ಬಿಚ್ಚಿ ಮತ್ತೆ ಕಟ್ಟುವುದಿಲ್ಲ. ಕಸ್ಟಮ್ಸ್ ಕಾಗದಪತ್ರ ಮುಗಿಸಿ ಸರಕು ಕಳಿಸಿಕೊಡುವ ಕ್ಲಿಯರಿಂಗ್ ಆಂಡ್ ಫಾರ್ವರ್ಡಿಂಗ್ ಕೆಲಸದಲ್ಲಿ ತಲೆ ಹಣ್ಣಾದವನು ನಾನು. ನನ್ನ ಅಭಿಪ್ರಾಯ ಇಷ್ಟೇ: ನಮ್ಮಲ್ಲಿ ವಾಹನಗಳಿಗೆ, ರಸ್ತೆಗಳಿಗೆ, ಟರ್ಮಿನಲ್‌ಗಳಿಗೆ ದುಡ್ಡು ಸುರಿಯುತ್ತಾರೆ. ಒಂದು ವಾಹನದಿಂದ ಇನ್ನೊಂದಕ್ಕೆ ದಾಟುವ ಜಾಗ ಮಾತ್ರ ಯಾರದ್ದೂ ಅಲ್ಲ. ನಷ್ಟ ಆಗುವುದು ಬಹುಪಾಲು ಅಲ್ಲೇ.

ಈ ಪೆಟ್ಟಿಗೆಯನ್ನು ಚಲಾವಣೆಗೆ ತಂದವನು ಹಡಗಿನವನಲ್ಲ, ಲಾರಿಯವನು. ಅಮೆರಿಕದ ಮಾಲ್ಕಮ್ ಮೆಕ್ಲೀನ್. 1956ರ ಏಪ್ರಿಲ್ 26ರಂದು ಅವನ 'ಐಡಿಯಲ್ ಎಕ್ಸ್' ಎಂಬ ಹಳೆ ಟ್ಯಾಂಕರ್ ಹಡಗು 58 ಕಂಟೇನರ್ ಹೊತ್ತು ನ್ಯೂವಾರ್ಕ್‌ನಿಂದ ಹ್ಯೂಸ್ಟನ್‌ಗೆ ಹೊರಟಿತು. ಬಿಡಿ ಸರಕನ್ನು ಹಡಗಿಗೆ ತುಂಬಲು ಆಗ ಟನ್ನಿಗೆ 5.86 ಡಾಲರ್ ಬೀಳುತ್ತಿತ್ತು, ಇವನ ಲೆಕ್ಕದಲ್ಲಿ 16 ಸೆಂಟ್ ಕೂಡ ಆಗಲಿಲ್ಲ. ತಮಾಷೆ ಏನೆಂದರೆ, ಲಾರಿ ಕಂಪನಿ ಇದ್ದವನು ಹಡಗಿನ ಕಂಪನಿಯನ್ನೂ ಇಟ್ಟುಕೊಳ್ಳಲು ಅಲ್ಲಿನ ನಿಯಮ ಬಿಡುತ್ತಿರಲಿಲ್ಲ. ತಾನೇ ಕಟ್ಟಿ ಬೆಳೆಸಿದ ಲಾರಿ ಕಂಪನಿಯನ್ನು ಬಿಟ್ಟುಕೊಟ್ಟು ಅವನು ಹಡಗಿಗೆ ಬಂದ. ಕಾನೂನಿನ ಕಣ್ಣಿಗೆ ರಸ್ತೆ ಬೇರೆ, ಸಮುದ್ರ ಬೇರೆ. ಸರಕಿಗೆ ಅದೆಲ್ಲ ಇಲ್ಲ.

ಹಡಗಿಗಿಂತ ದೊಡ್ಡ ಸಂಗತಿ ಪೆಟ್ಟಿಗೆಯ ಮೂಲೆಗಳಲ್ಲಿದೆ. ಎಂಟು ಮೂಲೆಗೂ ತೂತಿರುವ ಉಕ್ಕಿನ ಎರಕ, ಅದರೊಳಗೆ ತಿರುಗಿಸಿ ಬಿಗಿಯುವ ಟ್ವಿಸ್ಟ್‌ಲಾಕ್. ಮೆಕ್ಲೀನ್ ಜೊತೆಗಿದ್ದ ಕೀತ್ ಟ್ಯಾಂಟ್ಲಿಂಗರ್ ಎಂಬ ಎಂಜಿನಿಯರನ ಕೈಚಳಕ ಅದು. 1960ರ ದಶಕದಲ್ಲಿ ಅದರ ಪೇಟೆಂಟನ್ನು ಕಂಪನಿ ಎಲ್ಲರಿಗೂ ಬಿಟ್ಟುಕೊಟ್ಟಿತು, ಅಂತರರಾಷ್ಟ್ರೀಯ ಮಾನಕ ಬಂತು. ಹಾಗಾಗಿಯೇ ಶಾಂಘೈನ ಕ್ರೇನು ಹಿಡಿದ ಮೂಲೆಯನ್ನೇ ಪಣಂಬೂರಿನ ಕ್ರೇನೂ ಹಿಡಿಯುತ್ತದೆ. ಪೆಟ್ಟಿಗೆಯ ಮೈಮೇಲಿನ ನಂಬರ್ ಗಮನಿಸಿದ್ದೀರಾ? ನಾಲ್ಕು ಅಕ್ಷರ, ಆರು ಅಂಕೆ, ಕೊನೆಗೆ ಚೌಕದೊಳಗೆ ಒಂಟಿ ಅಂಕೆ. ಆ ಒಂಟಿ ಅಂಕೆ ಮೊದಲ ಹತ್ತರಿಂದ ಲೆಕ್ಕ ಹಾಕಿ ಬರುವಂಥದ್ದು. ಗೇಟಿನಲ್ಲಿ ಬರೆದುಕೊಳ್ಳುವವನು ನಿದ್ದೆಗಣ್ಣಲ್ಲಿ ಒಂದು ಅಂಕೆ ತಪ್ಪು ಬರೆದರೂ ಸಾಮಾನ್ಯವಾಗಿ ಲೆಕ್ಕ ಕೂಡುವುದಿಲ್ಲ, ಕಂಪ್ಯೂಟರ್ ಒಪ್ಪುವುದಿಲ್ಲ. ಪೆಟ್ಟಿಗೆ ದಾಟಿದರೆ ಸಾಲದು, ಪೆಟ್ಟಿಗೆಯ ಸುದ್ದಿಯೂ ತಪ್ಪಿಲ್ಲದೆ ದಾಟಬೇಕು ಎಂದು ಯಾರೋ ಮೊದಲೇ ಯೋಚಿಸಿದ್ದಾರೆ.

ನಮ್ಮ ಕಡೆಯ ಕಾಫಿಯನ್ನೇ ತೆಗೆದುಕೊಳ್ಳಿ. ಹಾಸನದಲ್ಲೋ ಕುಶಾಲನಗರದಲ್ಲೋ ಕಾಫಿ ಸಂಸ್ಕರಿಸುವ ಕ್ಯೂರಿಂಗ್ ವರ್ಕ್ಸ್‌ಗೆ ಖಾಲಿ ಇಪ್ಪತ್ತು ಅಡಿಯ ಕಂಟೇನರ್ ಬರುತ್ತದೆ. ತುಂಬುವ ಮೊದಲು ಒಬ್ಬ ಒಳಗೆ ಹೋಗಿ ನಿಲ್ಲುತ್ತಾನೆ, ಹೊರಗಿನವರು ಬಾಗಿಲು ಹಾಕುತ್ತಾರೆ. ಕತ್ತಲಲ್ಲಿ ಎಲ್ಲಾದರೂ ಬೆಳಕಿನ ಚುಕ್ಕಿ ಕಂಡರೆ ಅಲ್ಲಿ ತೂತು, ಆ ಡಬ್ಬ ವಾಪಸ್. ಆಮೇಲೆ ಮೂಗು. ಹಿಂದಿನ ಟ್ರಿಪ್ಪಿನಲ್ಲಿ ರಾಸಾಯನಿಕವೋ ಹಸಿ ಚರ್ಮವೋ ಹೋಗಿದ್ದರೆ ವಾಸನೆ ಹೇಳುತ್ತದೆ, ಕಾಫಿ ಬೀಜ ಆ ವಾಸನೆ ಹೀರಿಕೊಳ್ಳುತ್ತದೆ. ಗೋಡೆಗೆ ಕ್ರಾಫ್ಟ್ ಕಾಗದ ಹಚ್ಚಿ, ತೇವ ಹೀರುವ ಚೀಲ ನೇತುಹಾಕಿ, 60 ಕೆಜಿಯ 320 ಗೋಣಿ, ಒಟ್ಟು 19.2 ಟನ್ ತುಂಬಿ ಸೀಲ್ ಹಾಕಿದರೆ ಮುಗಿಯಿತು. ಆ ಸೀಲ್ ಒಡೆಯುವುದು ಇಟಲಿಯಲ್ಲಿ. ನಡುವೆ ಟ್ರೈಲರ್, ಪಣಂಬೂರು, ಸಣ್ಣ ಫೀಡರ್ ಹಡಗು, ಕೊಲಂಬೊದಂಥ ದೊಡ್ಡ ಬಂದರಿನಲ್ಲಿ ತಾಯಿ ಹಡಗು, ಆಚೆ ದಡದಲ್ಲಿ ಮತ್ತೆ ಲಾರಿಯೋ ರೈಲೋ. ಗೋಣಿಗೆ ಒಂದು ಕೈಯೂ ತಾಗುವುದಿಲ್ಲ.

ಇಷ್ಟೆಲ್ಲ ಚೆಂದ ಇರುವ ವ್ಯವಸ್ಥೆ ಕೆಡುವುದು ಎಲ್ಲಿ? ಜುಲೈ ತಿಂಗಳಲ್ಲಿ ಶಿರಾಡಿ ಘಾಟಿಯಲ್ಲಿ ಗುಡ್ಡ ಜಾರಿದಾಗ ನೋಡಬೇಕು ಮಾರಾಯ್ರೆ. ಟ್ರೈಲರ್ ಸಕಲೇಶಪುರದಲ್ಲಿ ನಿಂತಿದೆ. ಚಾರ್ಮಾಡಿಯಲ್ಲಿ ಅಂಥ ಗಾಡಿಯನ್ನು ಬಿಡುವುದಿಲ್ಲ. ಹಡಗಿನ ಕಟ್ ಆಫ್ ಸಮಯ, ಅಂದರೆ ಡಬ್ಬ ಬಂದರಿನ ಗೇಟು ಸೇರಬೇಕಾದ ಗಡುವು, ಹತ್ತಿರ ಬರುತ್ತಿದೆ. ಇ-ವೇ ಬಿಲ್ ಅಂದರೆ ಸಾಗಿಸುವ ಸರಕಿನ ಜೊತೆ ಇರಬೇಕಾದ ಜಿಎಸ್‌ಟಿ ಚೀಟಿ, ಅದಕ್ಕೆ 200 ಕಿಲೋಮೀಟರ್ ತನಕ ಒಂದೇ ದಿನದ ಆಯುಸ್ಸು. ಮುಗಿಯುವ ಮೊದಲಿನ ಎಂಟು ಗಂಟೆಯಲ್ಲಿ ಅಥವಾ ಮುಗಿದ ಎಂಟು ಗಂಟೆಯೊಳಗೆ ವಿಸ್ತರಿಸಬೇಕು. ವಿಸ್ತರಿಸಲು ಕಾರಣ ಕೊಡಬೇಕಲ್ಲ, ಪೋರ್ಟಲ್ಲೇ ಒಂದು ಪಟ್ಟಿ ಕೊಡುತ್ತದೆ: ಪ್ರಕೃತಿ ವಿಕೋಪ, ಕಾನೂನು ಸುವ್ಯವಸ್ಥೆ, ಟ್ರಾನ್ಸ್‌ಶಿಪ್‌ಮೆಂಟ್, ಅಪಘಾತ. ಒಂದು ಗಾಡಿಯಿಂದ ಇನ್ನೊಂದಕ್ಕೆ ಸರಕು ಬದಲಾಯಿಸುವುದನ್ನು ಭೂಕುಸಿತದ ಸಾಲಿನಲ್ಲೇ ಇಟ್ಟವರು ಯಾರೋ ಗೊತ್ತಿಲ್ಲ, ಕೆಲಸ ಬಲ್ಲವರೇ ಇರಬೇಕು!

ಹಾಗೆ ಸಿಕ್ಕಿಬಿದ್ದ ಒಂದು ಲೋಡಿನ ವಿಷಯದಲ್ಲಿ ನಾನು ಒಂದು ಇಡೀ ದಿನ ಫೋನಿನಲ್ಲೇ ಕಳೆದೆ. ಸಾಗಣೆದಾರ ಹೇಳಿದ, ರಸ್ತೆ ಬಂದ್, ನನ್ನ ತಪ್ಪಲ್ಲ. ಹಡಗಿನ ಏಜೆಂಟ್ ಹೇಳಿದ, ಗೇಟಿಗೆ ಬಾರದ ಡಬ್ಬ ನನ್ನ ಲೆಕ್ಕದ್ದಲ್ಲ. ವಿಮೆಯವರು ತಡಕ್ಕೆ ಪರಿಹಾರ ಪಾಲಿಸಿಯಲ್ಲಿ ಇಲ್ಲ ಎಂದರು. ಮೂವರೂ ಹೇಳಿದ್ದು ನಿಜ. ಕಾಫಿ ಮುಂದಿನ ಹಡಗಿಗೆ ಹೋಯಿತು, ಖರ್ಚು ಸರಕಿನ ಯಜಮಾನರ ತಲೆಗೆ ಬಂತು.

ಇದಕ್ಕೆ ಕಾನೂನಿನಲ್ಲಿ ಉತ್ತರ ಇಲ್ಲ ಎಂದಲ್ಲ. 1993ರಲ್ಲೇ ಬಹುಮಾದರಿ ಸರಕು ಸಾಗಣೆ ಕಾಯ್ದೆ ಬಂದಿದೆ. ಬಾಗಿಲಿನಿಂದ ಬಾಗಿಲಿಗೆ ಒಂದೇ ದಾಖಲೆ, ಒಬ್ಬನೇ ಜವಾಬ್ದಾರ. ಸರಕು ಲಾರಿಯಲ್ಲಿ ಹಾಳಾಯಿತೋ ಹಡಗಿನಲ್ಲೋ ಎಂದು ಯಜಮಾನ ಹುಡುಕಿಕೊಂಡು ಹೋಗಬೇಕಾಗಿಲ್ಲ, ದಾಖಲೆ ಕೊಟ್ಟವನನ್ನು ಹಿಡಿದರಾಯಿತು. ಒಳ್ಳೆಯ ಕಾಯ್ದೆ. ಆದರೆ ಅದು ಭಾರತದಿಂದ ಹೊರಗೆ ಹೋಗುವ ಸರಕಿಗೆ ಮಾತ್ರ. ಒಳಗೆ ಬರುವುದಕ್ಕೂ, ದೇಶದೊಳಗೇ ಲಾರಿ-ರೈಲು ಬದಲಾಯಿಸುತ್ತ ಓಡಾಡುವುದಕ್ಕೂ ಅನ್ವಯಿಸುವುದಿಲ್ಲ. ರಫ್ತಿನಲ್ಲೂ ಸಣ್ಣ ಬೆಳೆಗಾರರು ಆ ಒಂದೇ ದಾಖಲೆಯನ್ನು ಕೇಳಿ ಪಡೆಯುವುದು ಕಡಿಮೆ. ಲಾರಿಯವನಿಗೆ ಬೇರೆ, ಹಡಗಿನವನಿಗೆ ಬೇರೆ ಮಾತಾಡಿದರೆ ನಾಲ್ಕು ಕಾಸು ಉಳಿಯುತ್ತದಲ್ಲ, ಅಲ್ಲಿಗೆ ಬೀಳುತ್ತಾರೆ.

'ಹಾಗಾದರೆ ರೈಲಿನಲ್ಲಿ ಕಳಿಸಿ' ಅನ್ನುವವರಿದ್ದಾರೆ. ಸಕಲೇಶಪುರ–ಸುಬ್ರಹ್ಮಣ್ಯ ಘಾಟಿಯಲ್ಲಿ ಹಳಿ ಇದೆ: ಸುಮಾರು 55 ಕಿಲೋಮೀಟರಿನಲ್ಲಿ 57 ಸುರಂಗ, 50 ಅಡಿಗೆ ಒಂದಡಿ ಏರು. ಮಳೆಗೆ ಅದೂ ಕುಸಿಯುತ್ತದೆ, ಅದು ಬೇರೆ ಮಾತು. ನಿಜವಾದ ತೊಡಕು ಲೆಕ್ಕದ್ದು. ಕಂಟೇನರ್ ರೈಲು ಎಂದರೆ 45 ಬೋಗಿ, ಇಪ್ಪತ್ತು ಅಡಿಯ 90 ಡಬ್ಬ. ಅಷ್ಟು ಸರಕು ಒಂದೇ ದಿನ ಒಂದೇ ಕಡೆ ಕೂಡಬೇಕು. ಎರಡೂ ತುದಿಯಲ್ಲಿ ಎತ್ತಿ ಇಳಿಸುವ ಖರ್ಚು ದಾರಿ ಉದ್ದವಿದ್ದರೂ ಗಿಡ್ಡವಿದ್ದರೂ ಒಂದೇ. ಬೆಂಗಳೂರಿನ ವೈಟ್‌ಫೀಲ್ಡ್ ಒಣ ಬಂದರಿನಿಂದ, ಅಂದರೆ ಒಳನಾಡಿನ ಕಂಟೇನರ್ ನಿಲ್ದಾಣದಿಂದ, ದೂರದ ಬಂದರಿಗೆ ಹೋಗುವಾಗ ಆ ಖರ್ಚು ಹಂಚಿಹೋಗುತ್ತದೆ. ಹಾಸನದಿಂದ ಮಂಗಳೂರಿಗೆ ಹಂಚಿಹೋಗುವುದಿಲ್ಲ. ಎಲ್ಲದಕ್ಕೂ ಇಂಟರ್‌ಮೋಡಲ್ ಮದ್ದು ಎಂದು ಸೆಮಿನಾರುಗಳಲ್ಲಿ ಹೇಳುವವರು ಈ ಕೂಡು-ಕಳೆ ಮಾಡುವುದೇ ಇಲ್ಲ.

ಕೊಂಕಣ ರೈಲ್ವೆಯ ರೋ-ರೋ ಇದಕ್ಕೊಂದು ನಾಡಮಟ್ಟದ ಉಪಾಯ. 1999ರ ಜನವರಿಯಲ್ಲಿ ಮಹಾರಾಷ್ಟ್ರದ ಕೋಲಾಡ್‌ನಿಂದ ಗೋವಾದ ವೆರ್ನಾಕ್ಕೆ ಶುರುವಾಗಿ ಆಮೇಲೆ ಸುರತ್ಕಲ್ ತನಕ ಬಂತು. ಲಾರಿಯನ್ನೇ ರೈಲಿನ ಮೇಲೆ ಹತ್ತಿಸುವುದು. ಕ್ರೇನ್ ಬೇಡ, ಒಂದು ಇಳಿಜಾರು ಸಾಕು. ಡ್ರೈವರ್ ತನ್ನ ಕ್ಯಾಬಿನ್ನಿನಲ್ಲೇ ಮಲಗಿ ನಿದ್ದೆ ಮಾಡುತ್ತ ಬರುತ್ತಾನೆ. 2020ರಲ್ಲಿ ನೆಲಮಂಗಲದಿಂದ ಸೊಲ್ಲಾಪುರದ ಹತ್ತಿರದ ಬಾಳೆಗೂ ಅಂಥದ್ದೊಂದು ಹೊರಟಿತು. ಸರಕಿನ ಜೊತೆ ಎಂಜಿನ್ನು, ಚಾಸಿಸ್ಸು, ಟಯರುಗಳನ್ನೂ ರೈಲು ಸುಮ್ಮನೆ ಹೊರಬೇಕು, ಆ ಮಟ್ಟಿಗೆ ಪೆಟ್ಟಿಗೆಯೇ ಮೇಲು. ಆದರೂ ಘಟ್ಟದ ತಿರುವುಗಳಲ್ಲಿ ರಾತ್ರಿಯಿಡೀ ಸ್ಟಿಯರಿಂಗ್ ತಿರುಗಿಸಿದವನನ್ನು ಕೇಳಿ, ರೋ-ರೋ ಬೇಡ ಅನ್ನಲಿಕ್ಕಿಲ್ಲ.

ಇನ್ನು ನಮ್ಮೂರಿನ ರೈಲ್ವೆಯ ಕತೆ. ಊರಿನ ಉತ್ತರಕ್ಕಿರುವ ತೋಕೂರಿನಿಂದ ಆಚೆ ಕೊಂಕಣ ರೈಲ್ವೆ. ಮಂಗಳೂರು ಸೆಂಟ್ರಲ್, ಜಂಕ್ಷನ್ ಎರಡೂ ದಕ್ಷಿಣ ರೈಲ್ವೆಯ ಪಾಲಕ್ಕಾಡ್ ವಿಭಾಗ. ಹಾಸನದ ಕಡೆಗೆ ಪಡೀಲ್ ದಾಟಿದರೆ ನೈಋತ್ಯ ರೈಲ್ವೆಯ ಮೈಸೂರು ವಿಭಾಗ. ಹಳಿ ಒಂದೇ ಅಗಲದ್ದು, ಬೋಗಿಯೂ ಅದೇ, ಸುರತ್ಕಲ್ಲಿನಿಂದ ಹೊರಟರೆ ಒಂದು ಜಿಲ್ಲೆ ದಾಟುವ ಮೊದಲೇ ಮೂರು ಯಜಮಾನರು. ಮೂವರಿಗೂ ಮಂಗಳೂರು ತಮ್ಮ ನಕ್ಷೆಯ ಅಂಚು. ಹೊಸ ರೈಲು ಕೇಳಿದರೆ ಒಬ್ಬರು ಪ್ಲಾಟ್‌ಫಾರ್ಮ್ ಇಲ್ಲ ಅನ್ನುವುದು, ಇನ್ನೊಬ್ಬರು ಘಾಟಿಯಲ್ಲಿ ಜಾಗ ಇಲ್ಲ ಅನ್ನುವುದು, ಎಷ್ಟು ವರ್ಷದಿಂದ ಕೇಳುತ್ತಿದ್ದೇವೆ.

ಮೊನ್ನೆ ಬೆಂಗಳೂರಲ್ಲಿ ಸಾಫ್ಟ್‌ವೇರ್ ಕೆಲಸದಲ್ಲಿರುವ ಅಣ್ಣನ ಮಗನಿಗೆ ಇದನ್ನೆಲ್ಲ ಹೇಳುತ್ತಿದ್ದೆ. 'ಚಿಕ್ಕಪ್ಪ, ಇಂಟರ್ನೆಟ್ ಅಂದ್ರೂ ಇದೇ ಅಲ್ವಾ' ಅಂದ. ಹೌದಲ್ಲ! 1977ರ ನವೆಂಬರ್ 22ರಂದು ಕ್ಯಾಲಿಫೋರ್ನಿಯಾದ ರಸ್ತೆಯಲ್ಲಿ ಓಡುತ್ತಿದ್ದ ಒಂದು ವ್ಯಾನಿನಿಂದ ಸಂದೇಶ ಹೊರಟಿತು. ವ್ಯಾನಿನಿಂದ ರೇಡಿಯೋ ಅಲೆಯಲ್ಲಿ, ಅಲ್ಲಿಂದ ಅಮೆರಿಕದ ಹಳೆಯ ಕಂಪ್ಯೂಟರ್ ಜಾಲ ಅರ್ಪಾನೆಟ್‌ನ ತಂತಿಗೆ, ಅಟ್ಲಾಂಟಿಕ್ ದಾಟಿ ಲಂಡನ್, ಉಪಗ್ರಹದ ಮೂಲಕ ತಿರುಗಿ ಅಮೆರಿಕಕ್ಕೆ, ಕೊನೆಗೆ ಲಾಸ್ ಏಂಜಲೀಸ್‌ಗೆ. ರೇಡಿಯೋ, ತಂತಿ, ಉಪಗ್ರಹ, ಮೂರೂ ಬೇರೆ ಬೇರೆ ಜಾತಿಯ ಜಾಲ, ವೇಗ ಬೇರೆ, ಕಟ್ಟುಪಾಡು ಬೇರೆ. ವಿಂಟ್ ಸರ್ಫ್ ಮತ್ತು ರಾಬರ್ಟ್ ಕಾನ್ ಎಂಬ ಎಂಜಿನಿಯರುಗಳು 1974ರಲ್ಲಿ ಪ್ರಕಟಿಸಿದ ಯೋಜನೆಯಲ್ಲಿ ಯಾವ ಜಾಲವನ್ನೂ ಬದಲಾಯಿಸಲು ಹೋಗಲಿಲ್ಲ. ಸಂದೇಶವನ್ನು ಪೊಟ್ಟಣ ಕಟ್ಟಿ ಮೇಲೆ ವಿಳಾಸ ಬರೆ, ಎರಡು ಜಾಲ ಸೇರುವಲ್ಲಿ ಒಂದು ಗೇಟ್‌ವೇ ಇಡು, ಒಳಗೇನಿದೆ ಎಂದು ನಡುವಿನವರು ಕೇಳುವುದು ಬೇಡ. ಮೆಕ್ಲೀನ್ ಕಡೆಯವರು ಮೂಲೆಗೆ ಎರಕ ಹಾಕಿದರು, ಇವರು ಗೇಟ್‌ವೇ ಹಾಕಿದರು. ಅಂಚೆ ಇಲಾಖೆಯವರೂ ಕಡಿಮೆಯೇನಲ್ಲ: 1972ರಲ್ಲಿ ಪಿನ್‌ಕೋಡ್ ಬಂದ ಮೇಲೆ ವಿಳಾಸ ಯಾವ ಭಾಷೆಯಲ್ಲಿದ್ದರೂ ಆರು ಅಂಕೆ ನೋಡಿ ಕಾಗದ ಬಸ್ಸಿಗೋ ರೈಲಿಗೋ ಸೈಕಲ್ಲಿಗೋ ಸರಿಯಾಗಿ ಸೇರಿತು.

ಸರಕಾರದ ನೆರವಿಲ್ಲದೆ ಈ ದಾಟಿಸುವ ಕೆಲಸವನ್ನು ಚೆನ್ನಾಗಿ ನಡೆಸುತ್ತಿರುವವರು ಉಡುಪಿ ಕಡೆಯ ನಮ್ಮ ಶಂಕರಪುರ ಮಲ್ಲಿಗೆಯವರು. ಬೆಳಿಗ್ಗೆ ಕೊಯ್ದ ಮೊಗ್ಗು ಬಾಳೆನಾರಿನಲ್ಲಿ ಚೆಂಡಾಗಿ, ನಾಲ್ಕು ಚೆಂಡು ಸೇರಿ ಅಟ್ಟೆಯಾಗಿ ಹೂವಿನ ವ್ಯಾಪಾರದ ಕಟ್ಟೆಗೆ ಬರುತ್ತದೆ. ಆ ದಿನದ ದರ ನಿಂತ ಕೂಡಲೇ ಅದು ಫೋನಿನಲ್ಲಿ ಊರೂರಿಗೆ ಹೂವಿಗಿಂತ ಮೊದಲು ತಲುಪಿರುತ್ತದೆ. ಹೂವು ಬಸ್ಸು ಹತ್ತಿ ಮಂಗಳೂರಿಗೆ, ಮುಂಬೈಗೆ, ವಿಮಾನದಲ್ಲಿ ಗಲ್ಫಿಗೆ. ಸಂಜೆಯೊಳಗೆ ಅರಳಿಬಿಡುವ ಸರಕು, ತಡವಾದರೆ ಬೆಲೆಯಿಲ್ಲ. ಕಂಡಕ್ಟರ್, ಸ್ಟಾಲಿನವ, ಕಟ್ಟೆಯವ, ಎಲ್ಲರಿಗೂ ಯಾವ ಕಟ್ಟು ಯಾರದೆಂದು ಗೊತ್ತು. ದಾಟುವ ಜಾಗದಲ್ಲಿ ಒಬ್ಬ ಮನುಷ್ಯ ನಿಂತಿದ್ದಾನೆ, ಅವನ ಹೆಸರು ಎಲ್ಲರಿಗೂ ಗೊತ್ತಿದೆ.

ಜನರ ವಿಷಯಕ್ಕೆ ಬಂದರೆ ಬೆಂಗಳೂರನ್ನು ಹೇಳದೆ ಆಗದು. ಸರ್ ಎಂ. ವಿಶ್ವೇಶ್ವರಯ್ಯ ರೈಲ್ವೆ ಟರ್ಮಿನಲ್ 2022ರ ಜೂನಿನಲ್ಲಿ ಶುರುವಾಯಿತು, ವಿಮಾನ ನಿಲ್ದಾಣದ ಹಾಗೆ ಹೊಳೆಯುತ್ತದೆ. ಶುರುವಾದಾಗ ಮೆಟ್ರೊಗೆ ನೇರ ದಾರಿಯೇ ಇರಲಿಲ್ಲ. ಬೈಯಪ್ಪನಹಳ್ಳಿ ಮೆಟ್ರೊ ಹೆಸರಿನಲ್ಲಿ ಹತ್ತಿರ, ಮುರ್ಡೇಶ್ವರದ ರೈಲಿಳಿದು ಹಲಸಿನಹಣ್ಣಿನ ಚೀಲ ಹಿಡಿದವರಿಗೆ ಹತ್ತಿರವಲ್ಲ. ಅತ್ತ ಮೆಜೆಸ್ಟಿಕ್ಕಿನಲ್ಲಿ ಧರ್ಮಾಂಬುಧಿ ಕೆರೆಯಂಗಳದಲ್ಲಿ ಎದ್ದ ಬಸ್ ನಿಲ್ದಾಣ, ಎದುರಿಗೆ ರೈಲು, ಕೆಳಗೆ ಮೆಟ್ರೊ, ಗಲೀಜು, ಗದ್ದಲ. ಆದರೂ ಪ್ರಯಾಣಿಕನಿಗೆ ಅದೇ ಒಳ್ಳೆಯ ನಿಲ್ದಾಣ.

ಮಂಗಳೂರಿನ ಮಟ್ಟಿಗೆ ನಾನು ಕೇಳುವುದು ಸಣ್ಣದು. ಶಿರಾಡಿ ಬಂದ್ ಎಂದು ಜಿಲ್ಲಾಧಿಕಾರಿಗಳು ಆದೇಶ ಹೊರಡಿಸಿದರೆ ಅದು ನಮಗೆ ಸಿಗುವುದು ವಾಟ್ಸ್‌ಆಪಿನಲ್ಲಿ, ಓರೆಯಾಗಿ ತೆಗೆದ ಫೋಟೊ ಆಗಿ. ಬಂದರಿನ ಗೇಟಿಗೆ, ಹಡಗಿನವರ ಕಟ್ ಆಫ್ ಪಟ್ಟಿಗೆ, ಇ-ವೇ ಬಿಲ್ ಪೋರ್ಟಲ್ಲಿಗೆ ಆ ಸುದ್ದಿ ಹೋಗುವುದೇ ಇಲ್ಲ. ಆದೇಶದ ಜೊತೆಗೇ ಪೋರ್ಟಲ್ಲಿಗೂ ಒಂದು ಸೂಚನೆ ಹೋಗಿ, ಆ ರಸ್ತೆಯಲ್ಲಿ ನಿಂತ ಗಾಡಿಗಳ ಬಿಲ್ಲುಗಳ ಅವಧಿ ತಾನಾಗಿ ಮುಂದಕ್ಕೆ ಹೋಗಲಿ. ಬಂದರಿನವರಿಗೆ ಯಾವ ಡಬ್ಬಗಳು ಘಟ್ಟದ ಮೇಲೆ ನಿಂತಿವೆ ಎಂದು ನಂಬರ್ ಸಮೇತ ಗೊತ್ತಾಗಲಿ, ಕಟ್ ಆಫ್ ಬಗ್ಗೆ ಹಡಗಿನವರ ಜೊತೆ ಮಾತಾಡಲು ಒಬ್ಬ ಅಧಿಕಾರಿ ಇರಲಿ, ಅವರ ಫೋನ್ ನಂಬರ್ ಬೋರ್ಡಿನ ಮೇಲೆ ಇರಲಿ. ಶಿರಾಡಿ ಸುರಂಗದ ಮಾತು ಬಹಳ ವರ್ಷಗಳಿಂದ ಕೇಳುತ್ತಿದ್ದೇವೆ, ಅದು ಆಗುವಾಗ ಆಗಲಿ. ಇದಕ್ಕೆ ಗುಡ್ಡ ಕೊರೆಯಬೇಕಾಗಿಲ್ಲ, ಮುಂದಿನ ಜೂನಿನೊಳಗೆ ಮುಗಿಸಬಹುದು.