ಪಕ್ಕದ ಮನೆಯ ಒಂದಡಿ

ಜಪಾನಿನ ಕ್ಯೋಟೋದ ಒಂದು ಹಳೇ ಓಣಿಯಲ್ಲಿ ಕೆಲವು ವಾರ ಇದ್ದೆ. ದಿನಾ ಬೆಳಿಗ್ಗೆ ಪೊರಕೆ ಸದ್ದಿಗೇ ಎಚ್ಚರ. ಸರ್... ಸರ್... ನಿದ್ದೆಗಣ್ಣಲ್ಲಿ ಊರಲ್ಲೇ ಇದ್ದ ಹಾಗೆ, ಇನ್ನೇನು ಅಮ್ಮ ಅಂಗಳಕ್ಕೆ ನೀರು ಹಾಕ್ತಾಳೆ ಅನ್ನಿಸೋದು. ಕಿಟಕಿ ಸರಿಸಿದರೆ ಪಕ್ಕದ ಮನೆ ಅಜ್ಜಿ. ಕೈಯಲ್ಲಿ ಬಿದಿರು ಕಡ್ಡಿಯ ಪೊರಕೆ. ಗುಡಿಸಿ ಆದಮೇಲೆ ಅವರೂ ನೀರು ಚಿಮುಕಿಸುತ್ತಿದ್ದರು. ರಂಗೋಲಿ ಒಂದು ಬಾಕಿ!

ನಾಲ್ಕೈದು ದಿನ ಆದಮೇಲೆ ಗಮನಿಸಿದೆ. ಎಲೆ ಉದುರುವ ಕಾಲ. ನನ್ನ ಮನೆ ಮುಂದೆ ಎಲ್ಲ ಕಡೆ ಹಳದಿ ಎಲೆ, ಅಜ್ಜಿ ಕಡೆಯ ಒಂದಡಿ ಜಾಗ ಮಾತ್ರ ಚೊಕ್ಕ. ಆಮೇಲೆ ವಿಚಾರಿಸಿದರೆ, ಇದು ಕ್ಯೋಟೋದ ಹಳೇ ರೂಢಿಯಂತೆ. ಮನೆ ಮುಂದೆ ಗುಡಿಸುವುದಕ್ಕೆ ಅಲ್ಲಿ ‘ಕಾದೊಹಾಕಿ’ ಅಂತಾರೆ. ಗೆರೆ ಎಳೆದ ಹಾಗೆ ನಮ್ಮ ಜಾಗಕ್ಕೇ ನಿಲ್ಲಿಸಿದರೆ ಜಿಪುಣತನ. ಪಕ್ಕದವರದ್ದೂ ಪೂರ್ತಿ ಗುಡಿಸಿದರೆ ‘ನೀವು ಸೋಮಾರಿಗಳು’ ಅಂತ ಚುಚ್ಚಿದ ಹಾಗೆ, ಅವರ ತಲೆಮೇಲೆ ಋಣ ಬೇರೆ. ಅದಕ್ಕೇ ಅವರ ಕಡೆ ಒಂದು ‘ಶಾಕು’ ಮಾತ್ರ. ಅಲ್ಲಿನ ಹಳೇ ಅಳತೆ, ಸುಮಾರು 30 ಸೆಂಟಿಮೀಟರ್. ನಮ್ಮಲ್ಲಿ ಪಕ್ಕದ ಮನೆಯ ಒಂದಡಿಗೆ ಕೋರ್ಟು ಹತ್ತುವವರಿದ್ದಾರೆ, ಅಲ್ವಾ?

ಆರೂವರೆಗೆ ಅಜ್ಜಿ ಮನೆ ರೇಡಿಯೋದಲ್ಲಿ ಪಿಯಾನೋ ಶುರು. 1928ರಿಂದ ಬರುತ್ತಿರುವ ವ್ಯಾಯಾಮದ ಕಾರ್ಯಕ್ರಮ. ಯುದ್ಧ ಮುಗಿದ ಮೇಲೆ ಕೆಲಕಾಲ ನಿಂತು, 1951ರಲ್ಲಿ ಮತ್ತೆ ಬಂತು. ಅಜ್ಜಿ ಪೊರಕೆಯನ್ನು ಗೋಡೆಗೆ ಒರಗಿಸಿ, ಬಾಗಿಲಲ್ಲೇ ನಿಂತು ಕೈ ಮೇಲೆತ್ತುತ್ತಿದ್ದರು.

ಸ್ವಲ್ಪ ಹೊತ್ತಿಗೆ ಎದುರು ಮನೆ ಹುಡುಗ ಬೆನ್ನಿಗಿಂತ ದೊಡ್ಡ ಬ್ಯಾಗು ಹೊತ್ತು ಸ್ಕೂಲಿಗೆ ಹೊರಡುತ್ತಿದ್ದ. ಶೂ ಏರಿಸಿಕೊಳ್ಳುತ್ತಲೇ ‘ಇತ್ತೆಕಿಮಾಸ್!’ ಅಂತ ಕೂಗು. ಇತ್ತೆ ಅಂದರೆ ಹೋಗಿ, ಕಿಮಾಸ್ ಅಂದರೆ ಬರ್ತೀನಿ. ಒಳಗಿಂದ ಅಮ್ಮ, ‘ಇತ್ತೆರಷ್ಷಾಯ್’. ಹೋಗಿ ಬಾ! ಪದಕ್ಕೆ ಪದ ನಮ್ಮದೇ. ಮೊದಲ ಸಲ ಅರ್ಥ ಗೊತ್ತಾದ ದಿನ ಕಾಫಿ ಆರಿದ್ದೂ ತಿಳಿಯಲಿಲ್ಲ.

ಆ ಚೊಕ್ಕ ಒಂದಡಿ ಮಾತ್ರ ದಿನಾ ನನ್ನನ್ನು ನೋಡಿ ನಗುತ್ತಿತ್ತು. ಕೊನೆಗೆ ನಾನೂ ಒಂದು ಪೊರಕೆ ತಂದೆ. ಮರುದಿನ ಅಜ್ಜಿಗಿಂತ ಮೊದಲೇ ಎದ್ದು ನನ್ನ ಜಾಗ ಗುಡಿಸಿದೆ. ಕೈಗೆ ಲಯ ಹತ್ತಿತು ನೋಡಿ, ನಿಲ್ಲಿಸುವುದಕ್ಕೆ ಮನಸ್ಸಾಗಲಿಲ್ಲ. ಅಜ್ಜಿಯ ಹೊಸ್ತಿಲವರೆಗೂ ಗುಡಿಸಿಬಿಟ್ಟೆ.

ಮಧ್ಯಾಹ್ನ ಅಜ್ಜಿ ಬಂದು, ಬಗ್ಗಿ ನಮಸ್ಕರಿಸಿ, ಮೂಲಂಗಿ ಉಪ್ಪಿನಕಾಯಿಯ ಡಬ್ಬಿ ಕೈಗಿಟ್ಟರು. ಎಡವಟ್ಟಾಯಿತು ಅಂತ ಆಗಲೇ ಹೊಳೆದದ್ದು.